ಇಪ್ಪತ್ತೊಂಬತ್ತೂವರೆ

“ಇಪ್ಪತ್ತೇ ದಿನ. ಹೋದ ಸಲದ ಸಿಲಿಂಡರು ಇಪ್ಪತ್ತೇ ದಿನಕ್ಕೆ ಮುಗೀತು. ದಾರೀಲಿ ನೀನು ಕುಡಿದ್ಯೇನೇ ಕಳ್ಳಿ, ಇಲ್ಲ ನಿನ್ನ ಗಂಡ ಕುಡಿದ್ನಾ?”

ಬೈಯುತ್ತಿದ್ದವರು ಮೂರನೆಯ ಮಹಡಿಯ ಬಾಗಿಲಲ್ಲಿದ್ದರು. ಬೈಸಿಕೊಳ್ಳುತ್ತಿದ್ದವಳು ಇನ್ನೂ ಎರಡೂವರೆಯನೆಯ ಮಹಡಿಯಲ್ಲಿದ್ದಳು. ಎಡ ಹೆಗಲ ಮೇಲೆ ತುಂಬಿದ ಸಿಲಿಂಡರು, ಬಲಗೈಯಲ್ಲಿ ಮೆಟ್ಟಿಲ ಕಂಬಿ, ಹಲ್ಲುಗಳ ನಡುವೆ ರಸೀದಿ. ಆ ಕಟ್ಟಡಕ್ಕೆ ಲಿಫ್ಟ್ ಇತ್ತು. ಅದರ ಬಾಗಿಲಿಗೆ ‘ಸಿಲಿಂಡರ್‌ಗೆ ಪ್ರವೇಶವಿಲ್ಲ’ ಎಂದು ಬರೆದು ಅಂಟಿಸಿದ್ದರು. ರಸೀದಿಗೆ ಸಹಿ ಹಾಕಿಸಲು ಬರಿಗೈಯಲ್ಲಿ ಬಂದ ದಿನವೂ ಕಾವಲುಗಾರ ಅವಳನ್ನೇ ಸಿಲಿಂಡರೆಂದು ತಿಳಿದು ಮೆಟ್ಟಿಲು ತೋರಿಸುತ್ತಿದ್ದ.

ಉಳಿದ ಅರ್ಧ ಮಹಡಿ ಮುಗಿಸಿ, ರಸೀದಿ ಕೈಗೆ ತೆಗೆದುಕೊಂಡು ಅವಳು ಕೇಳಿದಳು: “ಒಳಗಿಡ್ಲಾ ಟೀಚರಮ್ಮ, ಇಲ್ಲೇ ಹೊತ್ಕೊಂಡು ಬೈಸ್ಕೊಳ್ಲಾ? ಎರಡೂ ಒಟ್ಟಿಗೆ ಅಂದ್ರೆ ಸ್ವಲ್ಪ ಭಾರ ಆಗುತ್ತೆ.”

“ಬಾಯಿಗೇನೂ ಕಮ್ಮಿ ಇಲ್ಲ. ಗ್ಯಾಸ್ ಮಾತ್ರ ಕಮ್ಮಿ.”

ನಿವೃತ್ತ ಟೀಚರಮ್ಮ ನಲವತ್ತು ವರ್ಷ ಉತ್ತರಪತ್ರಿಕೆ ತಿದ್ದಿದವರು. ತಪ್ಪು ಎಲ್ಲಿದೆ ಎಂದು ಅವರಿಗೆ ಗೊತ್ತಾಗಿತ್ತು, ಯಾರದು ಎಂದು ಗೊತ್ತಾಗಿರಲಿಲ್ಲ. ಗ್ಯಾಸು ಕಮ್ಮಿಯಿದ್ದದ್ದು ನಿಜ.

ಪ್ರತಿ ಸಿಲಿಂಡರಿನ ಕತ್ತಿನ ಪಟ್ಟಿಯ ಮೇಲೆ ಅದರ ಖಾಲಿ ತೂಕ ಕೊರೆದಿರುತ್ತದೆ. ಈ ಊರಿಗೆ ಬರುವವೆಲ್ಲ ಹದಿನೈದು ಕೆಜಿ ಮುನ್ನೂರು ಗ್ರಾಮಿನವು. ಒಳಗೆ ಗ್ಯಾಸು ಹದಿನಾಲ್ಕು ಕೆಜಿ ಇನ್ನೂರು ಗ್ರಾಮು. ಕೂಡಿದರೆ ಇಪ್ಪತ್ತೊಂಬತ್ತೂವರೆ. ಹತ್ತೊಂಬತ್ತು ವರ್ಷದಿಂದ ಹೊರುತ್ತಿದ್ದ ಅವಳ ಎಡ ಹೆಗಲು ಆ ಸಂಖ್ಯೆಯನ್ನು ಬಾಯಿಪಾಠ ಮಾಡಿಕೊಂಡಿತ್ತು. ಕಾಲು ಕೆಜಿ ಆಚೀಚೆಯಾದರೂ ಹೆಗಲಿಗೆ ತಿಳಿಯುತ್ತಿತ್ತು. ಜೊತೆಯ ಹೊರೆಯವರು ಅದಕ್ಕೇ ಅವಳನ್ನು ಭಾರಕ್ಕ ಎನ್ನುತ್ತಿದ್ದರು. ಮನೆಮನೆಯವರಿಗೆ ಅವಳು ಗ್ಯಾಸಮ್ಮ. ಅವಳ ನಿಜವಾದ ಹೆಸರು ಬ್ಯಾಂಕಿಗೆ ಮತ್ತು ಗಂಡನಿಗೆ ಗೊತ್ತಿತ್ತು; ಗಂಡ ಕೂಡ ಸಿಟ್ಟು ಬಂದಾಗ ಮಾತ್ರ ಬಳಸುತ್ತಿದ್ದ.

ಈಗ ಟೀಚರಮ್ಮನ ಅಡುಗೆಮನೆಯಲ್ಲಿ ಇಳಿಸಿದ್ದು ಇಪ್ಪತ್ತೆಂಟೂಕಾಲು. ಅವಳಿಗೆ ಗೊತ್ತು. ಹೇಳಲಿಲ್ಲ.

ಹೇಳಿದವನೊಬ್ಬ ಮನೆಯಲ್ಲಿದ್ದ. ಹನ್ನೆರಡು ವರ್ಷದ ಹಿಂದೆ ಅವಳ ಗಂಡನೂ ಹೊರುವವನೇ. ಗಿರಾಕಿಯೊಬ್ಬ ಅನುಮಾನಪಟ್ಟು ಕೇಳಿದಾಗ, ಪಕ್ಕದ ಅಂಗಡಿಯ ಮುಳ್ಳಿನ ತೂಗುಕೊಕ್ಕೆ ತಂದು ಅವನ ಬಾಗಿಲಲ್ಲೇ ಸಿಲಿಂಡರು ನೇತುಹಾಕಿ ತೂಗಿ ತೋರಿಸಿದ. ಒಂದೂಕಾಲು ಕೆಜಿ ಕಮ್ಮಿ ಬಂತು. ಗಿರಾಕಿ ಏಜೆನ್ಸಿಗೆ ಫೋನ್ ಮಾಡಿದ. ಏಜೆನ್ಸಿಯ ಮಾಲೀಕ ಪೊಲೀಸಿಗೆ ಫೋನ್ ಮಾಡಿದ. “ನನ್ನ ಗೋದಾಮಿಂದ ಸರಿಯಾಗೇ ಹೊರಟಿದೆ ಸಾರ್, ದಾರೀಲಿ ಕದ್ದಿದಾನೆ” ಎಂದ. ತೂಗಿ ತೋರಿಸಿದವನೇ ಕಳ್ಳನಾಗಿ ಆರು ತಿಂಗಳು ಒಳಗಿದ್ದ. ಹೊರಗೆ ಬಂದಾಗ ಬಲ ಹೆಗಲು ಮೇಲೇಳುತ್ತಿರಲಿಲ್ಲ. ಈಗ ಮನೆ ಮುಂದೆ ಕೂತು ಬಂಡಿಗಳ ಟ್ಯೂಬಿಗೆ ಪಂಕ್ಚರ್ ಹಾಕುತ್ತಾನೆ. “ನನ್ನ ಕೈಗೆ ಬಂದದ್ದೆಲ್ಲ ಗಾಳಿ ಹೋದ ಮೇಲೇ ಬರುತ್ತೆ” ಎಂದು ನಗುತ್ತಾನೆ. ಅವನು ಒಳಗೆ ಹೋದ ಮರುದಿನದಿಂದ ಅವನ ಬಂಡಿಯನ್ನು, ಅದುವರೆಗೆ ಗೋದಾಮಿನಲ್ಲಿ ಲಾರಿಯ ಹೊರೆ ಇಳಿಸುತ್ತಿದ್ದ ಅವಳು ತುಳಿದಳು.

“ಇನ್ನೊಂದ್ಸಲ ಕಮ್ಮಿ ಬಂದ್ರೆ ನಿನ್ನ ಮೇಲೆ ಕಂಪ್ಲೇಂಟು,” ಟೀಚರಮ್ಮ ಸಹಿ ಹಾಕಿದರು.

“ಕೊಡಿ ಟೀಚರಮ್ಮ. ನಮ್ಮನೇಲಿ ಒಬ್ರು ಆಗ್ಲೇ ಅದನ್ನ ಉಂಡಿದಾರೆ.”

*

ಗೋದಾಮಿನ ಹಿಂದೆ ಕಿಟಕಿಯಿಲ್ಲದ ಒಂದು ಕೋಣೆ. ಹೊರೆಯವರು ಅದನ್ನು ಹಾಲು ಕರೆಯುವ ಕೋಣೆ ಎನ್ನುತ್ತಿದ್ದರು. ಬೆಳಗಿನ ಜಾವ ಲಾರಿ ಬಂದ ಮೇಲೆ ಮಾಲೀಕನ ಇಬ್ಬರು ಆಳುಗಳು ತುಂಬಿದ ಸಿಲಿಂಡರುಗಳನ್ನು ಒಳಗೆ ಉರುಳಿಸಿಕೊಂಡು ಹೋಗಿ, ಒಂದೊಂದರಿಂದ ಒಂದೂಕಾಲು ಕೆಜಿ ಖಾಲಿ ಸಿಲಿಂಡರಿಗೆ ಹಿಂಡಿ, ಬಾಯಿಗೆ ಹೊಸ ಸೀಲು ಒತ್ತಿ ಹೊರಗೆ ಬಿಡುತ್ತಿದ್ದರು. ಹೀಗೆ ಹುಟ್ಟಿದ ಸಿಲಿಂಡರುಗಳು ಹೋಟೆಲುಗಳಿಗೆ ಹೋಗುತ್ತಿದ್ದವು.

ತೂಗುಕೊಕ್ಕೆಯೂ ಇತ್ತು. ಪ್ರತಿ ಬಂಡಿಯಲ್ಲೂ ಒಂದಿರಬೇಕು, ಕೇಳಿದವರಿಗೆ ತೂಗಿ ಕೊಡಬೇಕು ಎಂದು ಕಂಪನಿಯ ನಿಯಮ. ಹನ್ನೊಂದು ಬಂಡಿಗೆ ಸೇರಿ ಇದ್ದದ್ದು ಒಂದೇ. ಅದು ಮಾಲೀಕನ ಬೀರುವಿನಲ್ಲಿ ಬೀಗ ಹಾಕಿಕೊಂಡಿತ್ತು. ಕಂಪನಿಯ ಅಧಿಕಾರಿ ತಪಾಸಣೆಗೆ ಬರುವ ದಿನ ಹೊರಗೆ ಬಂದು, ಎಣ್ಣೆ ಸವರಿಸಿಕೊಂಡು, ಹೊಸ ಮದುಮಗನ ಹಾಗೆ ಕಂಬಕ್ಕೆ ನೇತಾಡುತ್ತಿತ್ತು. ಅಧಿಕಾರಿ ಅದರ ಬೆನ್ನಿಗೆ ‘ಸರಿಯಿದೆ’ ಎಂಬ ಚೀಟಿ ಅಂಟಿಸಿ ಸಹಿ ಹಾಕಿ ಹೋಗುತ್ತಿದ್ದ. ಅದಕ್ಕೆ ಏನನ್ನಾದರೂ ನೇತುಹಾಕಿದ್ದನ್ನು ಯಾರೂ ಕಂಡಿರಲಿಲ್ಲ.

ಒಂದು ದಿನ ಕಂಪನಿಯ ಪ್ರಕಟಣೆಯೊಂದನ್ನು ತಂದವನು ಗಿಣಿ. ಹನ್ನೊಂದು ಜನ ಹೊರೆಯವರಲ್ಲಿ ಓದಲು ಸಲೀಸಾಗಿ ಬರುತ್ತಿದ್ದದ್ದು ಅವನಿಗೆ. ಆದರೆ ತನ್ನ ದನಿಯಲ್ಲಿ ಅವನು ಏನನ್ನೂ ಓದಿದವನಲ್ಲ. ಮಾಲೀಕನ ಹಾಗೆ ಗೊಗ್ಗರು ಕೆಮ್ಮು, ಅಧಿಕಾರಿಯ ಹಾಗೆ ಮೂಗಿನ ಮಾತು, ಟೀಚರಮ್ಮನ ಹಾಗೆ ಕೊರಳು ಕೊಂಕಿಸುವುದು. ಮೂರು ಹೊತ್ತೂ ಯಾರದ್ದಾದರೂ ದನಿಯನ್ನು ಬಾಡಿಗೆಗೆ ತಂದಿರುತ್ತಿದ್ದ.

ಅಧಿಕಾರಿಯ ಮೂಗಿನಲ್ಲಿ ಅವನು ಓದಿದ: “ಹೊಸ ಬಡಾವಣೆಗೆ ಅಡುಗೆ ಅನಿಲದ ಹೊಸ ವಿತರಕರನ್ನು ನೇಮಿಸಲಾಗುವುದು. ಈ ಸ್ಥಾನವು ಹೊರೆ ಕೆಲಸದ ಕುಟುಂಬಗಳಿಗೆ ಮೀಸಲು.”

“ಮೀಸಲು ಅಂದ್ರೆ?”

“ಅಂದ್ರೆ ನಮಗೇ ಅಕ್ಕ. ಹೊರುವವರಿಗೇ. ಕಂಪನಿಗೆ ಹುಚ್ಚು ಹಿಡಿದಿದೆ. ಬಿಡೋದರೊಳಗೆ ಅರ್ಜಿ ಹಾಕ್ಬಿಡೋಣ.”

ಕೊನೆಯ ಸಾಲಿನಲ್ಲಿ ತೊಡಕಿತ್ತು. ಅರ್ಜಿ ಹಾಕುವ ದಿನ ಇಷ್ಟು ಲಕ್ಷ ಹಣ ಅರ್ಜಿದಾರರ ಅಥವಾ ಅವರ ಕುಟುಂಬದವರ ಹೆಸರಿನ ಖಾತೆಯಲ್ಲಿ ಇರತಕ್ಕದ್ದು. ಗಿಣಿ ಆ ಮೊತ್ತವನ್ನು ಯಾರ ದನಿಯಲ್ಲೂ ಹೇಳದೆ ಬೆರಳಿಟ್ಟು ತೋರಿಸಿದ.

ಭಾರಕ್ಕನ ಹೆಸರಲ್ಲಿ ಅರ್ಜಿ ಎಂದು ಹನ್ನೊಂದು ಜನ ಒಪ್ಪಿದರು. ಹಣ ಸೇರಿತು. ಹೇಗೆ ಸೇರಿತು ಎಂದು ಕೇಳಬಾರದು. ಒಬ್ಬಳ ಕಿವಿ ಬರಿದಾಯಿತು, ಒಬ್ಬನ ಮನೆಯ ಹಿಂದಿನ ಅರ್ಧ ಬೇರೆಯವರದಾಯಿತು, ಗಿಣಿಯ ಮದುವೆ ಮುಂದಕ್ಕೆ ಹೋಯಿತು. ಏಜೆನ್ಸಿ ಒಬ್ಬಳ ಹೆಸರಲ್ಲಿ, ದುಡಿಮೆ ಹನ್ನೊಂದು ಜನರ ಹೆಸರಲ್ಲಿ, ಹಾಲು ಕರೆಯುವ ಕೋಣೆ ಇರುವುದಿಲ್ಲ, ಬಂಡಿಗೊಂದು ತೂಗುಕೊಕ್ಕೆ. ಇಷ್ಟೇ ಅವರ ಕರಾರು.

ಅಲ್ಲಿಯವರೆಗೆ ಸರಿಯಿತ್ತು. ಆಮೇಲೆ ಅವರು ತಮಗೆ ಗೊತ್ತಿದ್ದ ಒಂದೇ ಎಚ್ಚರಿಕೆಯನ್ನು ವಹಿಸಿದರು.

ಬಹಳ ಹಿಂದೆ ಹೊರೆಯವರ ಮೇಸ್ತ್ರಿಯೊಬ್ಬ ಎಲ್ಲರ ಕಾಯಿಲೆ ಕಸಾಲೆಯ ದುಡ್ಡನ್ನು ತನ್ನ ಹೆಸರಲ್ಲಿಟ್ಟುಕೊಂಡು ಒಂದು ಬೆಳಿಗ್ಗೆ ಊರಲ್ಲೇ ಇರಲಿಲ್ಲ. ಅಂದಿನಿಂದ ಹೊರೆಯವರ ಕೂಡುಹಣ ಯಾವತ್ತೂ ಒಬ್ಬರ ಹೆಸರಲ್ಲಿರುವುದಿಲ್ಲ. ಮೂವರ ಹೆಸರು, ಮೂರು ಸಹಿ, ಮೂವರೂ ಒಟ್ಟಿಗೆ ಬಂದರೆ ಮಾತ್ರ ಹಣ. ಎಲ್ಲರಿಗಿಂತ ಹಿರಿಯನಾದ ಅಜ್ಜ ಆ ಪದ್ಧತಿಗೆ ಕಾವಲು.

“ನಿನ್ನ ಮೇಲೆ ನಂಬಿಕೆ ಇಲ್ಲ ಅಂತಲ್ಲ ಮಗಳೇ,” ಎಂದ ಅಜ್ಜ. “ನಂಬಿಕೆ ಉಳೀಲಿ ಅಂತ.”

ಭಾರಕ್ಕನಿಗೂ ಅದು ಸರಿಯೆನಿಸಿತು. ಒಬ್ಬಳ ಹೆಗಲಿಗೆ ಅಷ್ಟು ಭಾರ ಯಾಕೆ? ಭಾರಕ್ಕ, ಗಿಣಿ, ಅಜ್ಜ, ಮೂವರ ಹೆಸರಿನ ಖಾತೆಗೆ ಹಣ ಹೋಯಿತು. ಅರ್ಜಿ ತೆಗೆದುಕೊಳ್ಳುವ ದಿನ ಮುಂದಕ್ಕೆ ಹೋಗುತ್ತಾ ಹೋಗಿ ಹದಿನಾಲ್ಕು ತಿಂಗಳಾಗಿತ್ತು; ಅಷ್ಟೂ ತಿಂಗಳು ಸೇರುತ್ತಾ ಬಂದ ಹಣ. ಪಾಸ್‌ಬುಕ್ಕಿನ ಪುಟ ತುಂಬಿ ಎರಡನೆಯ ಪುಸ್ತಕ ಕೊಟ್ಟಿದ್ದರು.

*

ಭಾರಕ್ಕ ಅರ್ಜಿಯ ಜೊತೆ ಇಟ್ಟ ಎರಡನೆಯ ಪುಸ್ತಕವನ್ನು ಕಂಪನಿಯ ಅಧಿಕಾರಿ ಪೆನ್ನಿನ ತುದಿಯಿಂದ ತೆರೆದ. ಬೆರಳು ತಾಗಿಸಲಿಲ್ಲ.

“ಇದು ಮೂರು ಜನರ ಖಾತೆ.”

“ಹೌದು ಸಾರ್. ಮೂರು ಸಹಿ ಬೇಕು. ಒಬ್ರು ಓಡಿ ಹೋದ್ರೂ ದುಡ್ಡು ಓಡಲ್ಲ.”

“ಇನ್ನಿಬ್ಬರು ಯಾರು?”

“ಒಬ್ಬ ಗಿಣಿ. ಇನ್ನೊಬ್ರು ಅಜ್ಜ.”

“ನಿನ್ನ ಅಜ್ಜನಾ?”

“ಎಲ್ಲರ ಅಜ್ಜ ಸಾರ್.”

ಅಧಿಕಾರಿ ಪೆನ್ನನ್ನು ತೆಗೆದ. ಪುಸ್ತಕ ತಾನೇ ಮುಚ್ಚಿಕೊಂಡಿತು. “ನೋಡಮ್ಮ, ಹಣ ನಿನ್ನ ಹೆಸರಲ್ಲಿರಬೇಕು. ಇಲ್ಲ ನಿನ್ನ ಕುಟುಂಬದ ಹೆಸರಲ್ಲಿರಬೇಕು. ಗಂಡ, ತಂದೆ, ತಾಯಿ, ಮಕ್ಕಳು. ಇವರಿಬ್ಬರು ನಿನಗೆ ಏನಾಗಬೇಕು?”

ಏನಾಗಬೇಕು? ಗಂಡ ಒಳಗಿದ್ದ ಆರು ತಿಂಗಳು ಅವಳ ಮನೆಯ ಒಲೆ ಉರಿಸಿದವರು. ಅವಳಿಗೆ ಜ್ವರ ಬಂದರೆ ಅವಳ ಬೀದಿಯನ್ನೂ ತುಳಿದವರು. ಅದಕ್ಕೆ ಫಾರಮ್ಮಿನಲ್ಲಿ ಯಾವ ಹೆಸರಿದೆಯೋ ಅವಳಿಗೆ ತಿಳಿಯಲಿಲ್ಲ.

“ಒಟ್ಟಿಗೆ ಹೊರ್ತೀವಿ ಸಾರ್.”

“ಅದು ಸಂಬಂಧ ಅಲ್ಲ.”

“ದುಡ್ಡಂತೂ ಇದೆಯಲ್ಲ ಸಾರ್. ನೀವು ಕೇಳಿದ್ದಕ್ಕಿಂತ ನಾನೂರು ಜಾಸ್ತೀನೇ ಇದೆ.”

“ಇದೆ. ಆದರೆ ನಿನ್ನದಲ್ಲ. ಮುಂದಿನ ಸಲ ನಿನ್ನೊಬ್ಬಳ ಹೆಸರಲ್ಲಿ ಇಟ್ಟುಕೊಂಡು ಬಾ.”

“ಮುಂದಿನ ಸಲ ಯಾವಾಗ ಸಾರ್?”

“ಮುಂದೆ ಯಾವಾಗಾದ್ರೂ ಇನ್ನೊಂದು ಜಾಗ ಮೀಸಲಾದಾಗ.” ಅವನು ಅರ್ಜಿಯ ಮೂಲೆಯಲ್ಲಿ ‘ಆರ್ಥಿಕವಾಗಿ ಅನರ್ಹ’ ಎಂದು ಬರೆದ. ಅಕ್ಷರ ಬಹಳ ಚೆನ್ನಾಗಿತ್ತು.

ಆ ಜಾಗ ಯಾರಿಗೆ ಹೋಯಿತೆಂದು ಎರಡು ವಾರದಲ್ಲಿ ಗೊತ್ತಾಯಿತು. ಮಾಲೀಕನ ಕಾರಿನ ಡ್ರೈವರಿಗೆ. ಅವನ ಅಪ್ಪ ಹಿಂದೆ ಹೊರೆ ಕೆಲಸ ಮಾಡಿದ್ದ. ಮಗ ಹೊತ್ತದ್ದು ಮಾಲೀಕನ ಕಾರಿನ ಬೀಗದ ಕೈ ಮಾತ್ರ. ಅರ್ಜಿಯ ದಿನ ಬೆಳಿಗ್ಗೆ ಹನ್ನೊಂದಕ್ಕೆ ಅವನ ಖಾತೆಗೆ ಅಷ್ಟೂ ಲಕ್ಷ ಬಂದು ಕೂತಿತು. ಮರುದಿನ ಸಂಜೆಯೊಳಗೆ ಬಂದ ದಾರಿ ಹಿಡಿದು ಮಾಲೀಕನ ಖಾತೆಗೆ ಹೋಯಿತು. ನಿಯಮದಲ್ಲಿ ‘ಅರ್ಜಿ ಹಾಕುವ ದಿನ’ ಎಂದಿತ್ತು. ಒಂದು ದಿನ ಇತ್ತು. ಡ್ರೈವರ್ ಅರ್ಹ.

“ಒಂದು ದಿನಕ್ಕೆ ನೆಂಟರ ಹಾಗೆ ಬಂದು ಹೋದ ದುಡ್ಡು ಅವನದಂತೆ,” ಎಂದ ಗಂಡ, ಟ್ಯೂಬನ್ನು ನೀರಿನ ಬೋಗುಣಿಯಲ್ಲಿ ಅದ್ದಿ ಗುಳ್ಳೆ ಹುಡುಕುತ್ತಾ. “ವರ್ಷ ಮೇಲಾಗಿ ಕೂತಿರೋದು ನಿನ್ನದಲ್ವಂತೆ. ಥೂ ಇವರ ನಿಯಮಕ್ಕೆ ಬೆಂಕಿ ಬೀಳ.”

“ಬೆಂಕಿ ಬಿದ್ರೆ ಗ್ಯಾಸು ಬೇಕಾಗುತ್ತೆ. ಗ್ಯಾಸು ಅವರ ಹತ್ರಾನೇ ಇದೆ.”

“ಮತ್ತೆ ಸುಮ್ನಿರ್ತೀಯಾ?”

“ಸುಮ್ನಿರೋದು ಹೇಗೆ? ಹತ್ತು ಜನ ನನ್ನ ಮುಖ ನೋಡ್ತಿದಾರೆ.”

*

ಅವಳು ಸಿಲಿಂಡರು ಕೊಡುವ ಮನೆಗಳಲ್ಲಿ ಒಂದು ವಕೀಲಮ್ಮನದು. ಐದನೆಯ ಮಹಡಿ, ಲಿಫ್ಟಿಲ್ಲ. ಹತ್ತಿ ಬಂದವಳನ್ನು ಕೂರಿಸಿ ನೀರು ಕೊಡುತ್ತಿದ್ದ ಒಂದೇ ಮನೆ ಅದು. ವಕೀಲಮ್ಮ ಕಾಗದಗಳನ್ನೆಲ್ಲ ಓದಿ, “ಡ್ರೈವರ್ ಬಿಡಿ, ಮೊದಲು ಈ ನಿಯಮವನ್ನೇ ಪ್ರಶ್ನೆ ಮಾಡೋಣ. ಕೂಡಿ ದುಡಿಯುವವರ ಕೂಡುಹಣ ಹಣ ಅಲ್ಲ ಅನ್ನೋ ನಿಯಮ ನ್ಯಾಯಾನಾ ಅಂತ ಕೋರ್ಟ್ ನೋಡಲಿ” ಎಂದಳು. ಫೀಸು ಬೇಡವೆಂದಳು. ಕೇಸು ಮುಗಿಯುವವರೆಗೆ ಏಜೆನ್ಸಿ ತೆರೆಯಬಾರದೆಂದು ಕೋರ್ಟಿನಿಂದ ತಡೆಯನ್ನೂ ತಂದಳು.

ಹನ್ನೊಂದು ಜನ ಅಂದು ಒಂದೊಂದು ಲೋಟ ಟೀ ಹೆಚ್ಚಿಗೆ ಕುಡಿದರು. ಅದೊಂದೇ ದಿನ.

ಕೇಸು ಎರಡು ವರ್ಷ ಏಳು ತಿಂಗಳು ನಡೆಯಿತು. ನಡೆಯಿತು ಎನ್ನುವುದು ಮಾತಿಗೆ. ಹೆಚ್ಚಿನ ದಿನ ಅದು ಕೂತೇ ಇತ್ತು. ಕಂಪನಿಯ ವಕೀಲ ಬಂದರೆ ಕಾಗದ ಬಂದಿರುತ್ತಿರಲಿಲ್ಲ, ಕಾಗದ ಬಂದರೆ ವಕೀಲ ಬಂದಿರುತ್ತಿರಲಿಲ್ಲ, ಎರಡೂ ಬಂದ ದಿನ ಸಮಯ ಮುಗಿದಿರುತ್ತಿತ್ತು. ತಾರೀಖಿಗೊಂದು ದಿನದ ಕೂಲಿ ಹೋಗುತ್ತಿತ್ತು. ಮೂವರ ಖಾತೆಯ ಹಣ ಮುಟ್ಟುವಂತಿರಲಿಲ್ಲ. ತೆಗೆದರೆ ಅರ್ಹತೆಯ ಮಾತೇ ಬಿದ್ದುಹೋಗುತ್ತದೆ ಎಂದು ವಕೀಲಮ್ಮ ಹೇಳಿದ್ದಳು. ಅಜ್ಜನ ಕಣ್ಣಿಗೆ ಪೊರೆ ಬಂತು. ಆಪರೇಷನ್ನಿಗೆ ಹಣವಿತ್ತು, ತೆಗೆಯುವ ಹಾಗಿರಲಿಲ್ಲ. “ಕೋರ್ಟಲ್ಲಿ ನ್ಯಾಯಕ್ಕೂ ಕಣ್ಣು ಕಟ್ಟಿರುತ್ತಂತಲ್ಲ. ಜೋಡಿ ಸರಿಹೋಯ್ತು” ಎಂದ ಅಜ್ಜ.

ಕೊನೆಯ ವಾದದ ದಿನ ಮಾಲೀಕ ಅವಳಿಗೆ ರಜೆ ಕೊಡಲಿಲ್ಲ. “ಲೋಡು ಹೊರಡಿಸಿ ಎಲ್ಲಿಗಾದ್ರೂ ಸಾಯಿ” ಎಂದ. ಅಂದಿನ ಚೀಟಿಯಲ್ಲಿ ಕೋರ್ಟಿನ ಕ್ಯಾಂಟೀನಿಗೆ ಎರಡು ಸಿಲಿಂಡರಿದ್ದವು. ಅವಳು ಮೊದಲು ಅವನ್ನೇ ಎತ್ತಿಕೊಂಡಳು.

ಮುಂದಿನ ಗೇಟಿನಲ್ಲಿ ಪಾಸು ಕೇಳಿದರು. ನನ್ನದೇ ಕೇಸು ಎಂದಳು. ಕಾವಲಿನವನು ಅವಳ ನೀಲಿ ಅಂಗಿಯನ್ನೂ ಅದರ ಮೇಲಿನ ಏಜೆನ್ಸಿಯ ಹೆಸರನ್ನೂ ನೋಡಿ ನಕ್ಕ. ಅವಳು ಹಿಂದಿನ ಬಾಗಿಲಿಗೆ ಬಂದು ಸಿಲಿಂಡರನ್ನು ಹೆಗಲಿಗೇರಿಸಿದಳು. ಯಾರೂ ಏನೂ ಕೇಳಲಿಲ್ಲ. ಹೊರೆ ಹೊತ್ತವರಿಗೆ ಪಾಸು ಬೇಕಿಲ್ಲ, ಹೊರೆಯೇ ಪಾಸು. ಕ್ಯಾಂಟೀನಿನಲ್ಲಿ ಎರಡನ್ನೂ ಇಳಿಸಿ, ಪಾತ್ರೆ ತೊಳೆಯುವ ಕಟ್ಟೆ ದಾಟಿ, ಉದ್ದದ ಓಣಿ ಹಿಡಿದು, ತನ್ನ ಕೇಸು ನಡೆಯುತ್ತಿದ್ದ ನಾಲ್ಕನೆಯ ಕೋಣೆ ಹೊಕ್ಕು ಹಿಂದಿನ ಗೋಡೆಗೆ ಬಂದು ನಿಂತಳು.

ಕಂಪನಿಯ ವಕೀಲ ಮಾತಾಡುತ್ತಿದ್ದ. “ವಿತರಕನಾಗುವವನಿಗೆ ಭಾರ ಹೊರುವ ಶಕ್ತಿ ಇರಬೇಕು. ಆರ್ಥಿಕ ಭಾರ. ಅದನ್ನು ಅಳೆಯಲು ಈ ನಿಯಮ. ನಿಯಮ ಎಲ್ಲರಿಗೂ ಒಂದೇ.”

ವಕೀಲಮ್ಮ ಎದ್ದಳು. ಹನ್ನೊಂದು ಜನರ ಹದಿನಾಲ್ಕು ತಿಂಗಳ ಹಣಕ್ಕಿಂತ ಒಬ್ಬನ ಒಂದು ದಿನದ ಹಣ ಹೇಗೆ ಗಟ್ಟಿ ಎಂದು ಕೇಳಿದಳು. ಡ್ರೈವರಿನ ಖಾತೆಯ ವಿಷಯ ತೆಗೆದಳು. ನ್ಯಾಯಾಧೀಶರು ಕನ್ನಡಕ ತೆಗೆದು ಕಡತ ನೋಡಿದರು. “ಆ ವ್ಯಕ್ತಿ ಈ ಪ್ರಕರಣದಲ್ಲಿ ಪಕ್ಷಗಾರನೇ?”

“ಇಲ್ಲ, ಆದರೆ...”

“ಹಾಗಿದ್ದರೆ ಅವನ ವಿಷಯ ನಮ್ಮ ಮುಂದಿಲ್ಲ.” ಅವರ ದನಿ ಮೃದುವಾಗಿತ್ತು. “ಅರ್ಜಿದಾರರು ಬಂದಿದ್ದಾರೆಯೇ?”

ಭಾರಕ್ಕ ಗೋಡೆ ಬಿಟ್ಟು ಎರಡು ಹೆಜ್ಜೆ ಮುಂದೆ ಬಂದು ಕೈ ಎತ್ತಿದಳು. ಬಾಗಿಲ ಪೇದೆ ಧಾವಿಸಿ ಬಂದು ಅವಳ ಮೊಣಕೈ ಹಿಡಿದ. “ಏಯ್, ಇಲ್ಲೆಲ್ಲಿ ನುಗ್ಗಿದ್ದೀಯ? ಗ್ಯಾಸ್ ಕ್ಯಾಂಟೀನಲ್ಲಿ ಕೊಡು ಹೋಗು.”

“ನಾನೇ ಅರ್ಜಿದಾರಳು.”

“ನೀನು ಯಾರಾದ್ರೂ ಆಗು, ಹೊರಗೆ ಹೋಗಿ ಆಗು.”

ವಕೀಲಮ್ಮ ತಿರುಗಿ ನೋಡುವಷ್ಟರಲ್ಲಿ ಅವಳು ಓಣಿಯಲ್ಲಿದ್ದಳು. ಒಳಗೆ ನ್ಯಾಯಾಧೀಶರು “ಬಂದಂತಿಲ್ಲ” ಎಂದದ್ದು ಬಾಗಿಲು ಮುಚ್ಚುವ ಮೊದಲು ಕೇಳಿಸಿತು.

ತೀರ್ಪು ಹನ್ನೆರಡು ದಿನದ ಮೇಲೆ ಬಂತು. ಗಿಣಿ ಅದನ್ನು ಟೀ ಅಂಗಡಿಯ ಬೆಂಚಿನ ಮೇಲೆ ನಿಂತು, ಬಂಡಿಯ ಬಾಡಿಗೆ ರಸೀದಿಗಳ ಕಟ್ಟನ್ನೇ ಕಡತ ಮಾಡಿಕೊಂಡು, ಇಲ್ಲದ ಕನ್ನಡಕ ತೆಗೆದು ಹಾಕುತ್ತಾ ಓದಿದ.

“ಅರ್ಜಿದಾರರು ಶ್ರಮಜೀವಿ ಎಂಬುದರಲ್ಲಿ ಈ ನ್ಯಾಯಾಲಯಕ್ಕೆ ಅನುಮಾನವಿಲ್ಲ. ಅವರ ಬಗ್ಗೆ ಸಹಾನುಭೂತಿಯೂ ಇದೆ. ಆದರೆ ಯಾರಿಗೆ ಎಷ್ಟು ಆರ್ಥಿಕ ಅರ್ಹತೆ ಬೇಕು ಎಂಬುದು ಕಂಪನಿಯ ನೀತಿಗೆ ಬಿಟ್ಟ ವಿಷಯ. ನಿಯಮ ಸಮಂಜಸ. ಅರ್ಜಿ ವಜಾ. ತಡೆ ತೆರವು. ವೆಚ್ಚದ ಆದೇಶವಿಲ್ಲ.”

ಅಚ್ಚು ಅದೇ ಮೃದು ದನಿ. ಎಲ್ಲರೂ ನಕ್ಕರು. ನಗುತ್ತಾ ನಗುತ್ತಾ ಒಬ್ಬಳು ಬರಿದಾದ ಕಿವಿ ಮುಟ್ಟಿಕೊಂಡಳು.

“ಆ ಸಹಾನುಭೂತಿ ಇದೆಯಲ್ಲ,” ಅಜ್ಜ ದನಿ ಬಂದ ಕಡೆ ಮುಖ ತಿರುಗಿಸಿದ, “ಅದು ಎಷ್ಟು ಕೆಜಿ ಅಂತೆ?”

“ಅದನ್ನೂ ಹಾಲು ಕರೆದೇ ಕೊಟ್ಟಿರ್ತಾರೆ ಬಿಡಿ,” ಎಂದಳು ಭಾರಕ್ಕ.

ಅಂದು ಮನೆಗೆ ಬಂದವಳು ಊಟಕ್ಕೆ ಕೂತು ಎರಡು ತುತ್ತು ತಿಂದು ಎದ್ದಳು. ಗಂಡ ಅವಳ ನಿಜವಾದ ಹೆಸರು ಹಿಡಿದು ಕರೆದ. ಸಿಟ್ಟು ಅವಳ ಮೇಲಿರಲಿಲ್ಲ.

“ತಪ್ಪು ನಮ್ದೇ,” ಅವಳೆಂದಳು. “ನನ್ನೊಬ್ಬಳ ಹೆಸರಲ್ಲಿ ಇಟ್ಟಿದ್ರೆ ಆಗ್ತಿತ್ತು. ಒಂದು ದಿನದ ಮಟ್ಟಿಗೆ.”

“ಹಾಗಾದ್ರೆ ನೀನು ಮೇಸ್ತ್ರಿ ಆಗ್ತಿದ್ದೆ. ಭಾರಕ್ಕ ಆಗ್ತಿರಲಿಲ್ಲ.” ಅವನು ಮೇಲೇಳದ ಬಲ ಹೆಗಲನ್ನು ಎಡಗೈಯಿಂದ ಹಿಸುಕಿಕೊಂಡ. “ನಂದೂ ತಪ್ಪೇ ಇತ್ತು. ಗಿರಾಕಿ ಬಾಗಿಲಲ್ಲಿ ತೂಗಿದೆ. ಗೋದಾಮಿನ ಬಾಗಿಲಲ್ಲಿ ತೂಗಬೇಕಿತ್ತು. ಬಂಡಿ ಹತ್ತೋ ಮುಂಚೆ.”

*

“ಏನಮ್ಮ ಅರ್ಜಿದಾರಳೇ,” ಮಾಲೀಕ ಕುರ್ಚಿಯಲ್ಲಿ ಹಿಂದಕ್ಕೆ ಒರಗಿದ. “ಕೋರ್ಟು ಕೊಟ್ಟ ಏಜೆನ್ಸಿ ಎಲ್ಲಿಟ್ಟಿದ್ದೀಯ? ಮಡಿಲಲ್ಲಾ?”

ಅವಳು ನಿಂತಿದ್ದಳು. ಅವಳ ಪಕ್ಕದಲ್ಲಿ ಡ್ರೈವರೂ ನಿಂತಿದ್ದ. ಏಜೆನ್ಸಿ ಸಿಕ್ಕರೂ ಅವನಿಗೆ ಕುರ್ಚಿ ಸಿಕ್ಕಿರಲಿಲ್ಲ.

“ಎರಡು ವರ್ಷ ನನ್ನ ಅನ್ನ ತಿಂದು ನನ್ನ ಮೇಲೇ ತಡೆ ತಂದ್ಯಲ್ಲೇ, ದರಿದ್ರದವಳೇ. ನಿನ್ನನ್ನ ಅವತ್ತೇ ಒದ್ದು ಓಡಿಸ್ಬಹುದಿತ್ತು. ನನ್ನ ದೊಡ್ಡ ಗುಣ ನೋಡು, ಇಟ್ಕೊಂಡೆ. ಸೋಮವಾರ ಹೊಸ ಏಜೆನ್ಸಿ ಉದ್ಘಾಟನೆ. ಮೊದಲನೇ ಸಿಲಿಂಡರು ನೀನೇ ಹೊರಬೇಕು. ಫೋಟೋ ತೆಗೀತಾರೆ. ಹೆಂಗಸು ಹೊತ್ರೆ ಕಂಪನಿಯವರಿಗೆ ಖುಷಿ.”

“ಆಗ್ಲಿ.”

“ನಗ್ತಾ ಹೊರಬೇಕು.”

“ಎಷ್ಟು ನಗಬೇಕು?”

ಮಾಲೀಕ ತಾನೇ ಹಲ್ಲು ತೋರಿಸಿದ. “ಹಲ್ಲು ಕಾಣೋಷ್ಟು. ಆ ಗಿಣೀಗೂ ಹೇಳು, ಅವತ್ತು ಬಾಯಿ ಬಿಟ್ರೆ ಬಂಡಿ ಕಿತ್ಕೊಳ್ತೀನಿ. ಮತ್ತೆ ಅಧಿಕಾರಿ ಬರ್ತಾರೆ, ಆ ತೂಗುಕೊಕ್ಕೆ ತೆಗೆದು ಒರೆಸಿ ಅಲ್ಲಿ ನೇತುಹಾಕಿಸು. ಚೆನ್ನಾಗಿ ಕಾಣಲಿ.”

ಅವನು ಬೀರುವಿನ ಬೀಗದ ಕೈಯನ್ನು ಮೇಜಿನ ಮೇಲೆ ಎಸೆದ.

*

ಸೋಮವಾರ ಬೆಳಿಗ್ಗೆ ಹೊಸ ಗೋದಾಮಿನ ಬಣ್ಣ ಇನ್ನೂ ಕೈಗೆ ಅಂಟುತ್ತಿತ್ತು. ಫಲಕದ ಮೇಲೆ ಡ್ರೈವರಿನ ಹೆಸರು, ಅದಕ್ಕಿಂತ ದೊಡ್ಡ ಅಕ್ಷರದಲ್ಲಿ ಕಂಪನಿಯ ಹೆಸರು. ಬಾಗಿಲಿಗೆ ಕೆಂಪು ಪಟ್ಟಿ. ಕುರ್ಚಿಗಳಲ್ಲಿ ಹಳೆಯ ಏಜೆನ್ಸಿಯಿಂದ ಇಲ್ಲಿಗೆ ವರ್ಗವಾದ ಬಡಾವಣೆಯ ಗಿರಾಕಿಗಳು. ಮುಂದಿನ ಸಾಲಿನಲ್ಲಿ ಟೀಚರಮ್ಮ, ಕೈಯಲ್ಲಿ ಮೊದಲ ಗಿರಾಕಿಯ ರಸೀದಿ. ಬಾಗಿಲ ಪಕ್ಕದ ಕಬ್ಬಿಣದ ತೊಲೆಗೆ ತೂಗುಕೊಕ್ಕೆ ನೇತಾಡುತ್ತಿತ್ತು. ಭಾರಕ್ಕ ಅದನ್ನು ಭಾನುವಾರವೇ ಒರೆಸಿ, ತನ್ನ ಹೆಗಲಿನ ಎತ್ತರ ನೋಡಿಕೊಂಡು ಕಟ್ಟಿದ್ದಳು. ಅಧಿಕಾರಿ ಅದರ ಬೆನ್ನಿಗೆ ಹೊಸ ಚೀಟಿ ಅಂಟಿಸಿ ಸಹಿ ಹಾಕಿದ.

ಮೊದಲ ಲೋಡು ಹಳೆಯ ಗೋದಾಮಿನಿಂದಲೇ ಬಂದಿತ್ತು. ಲಾರಿಯಿಂದ ಇಳಿಸಿದ್ದು ಹನ್ನೊಂದು ಜನರೇ. ಉದ್ಘಾಟನೆಯ ದಿನವಾದರೂ ಮಾಲೀಕ ಹಾಲು ಕರೆಸಿರುವುದಿಲ್ಲ ಎಂದು ಗಿಣಿ ಹೇಳಿದ್ದ. ಭಾರಕ್ಕನ ಹೆಗಲು ಮೊದಲನೆಯದರಲ್ಲೇ ಇಲ್ಲ ಎಂದಿತ್ತು. ಅಭ್ಯಾಸಬಲ.

ಪಟ್ಟಿ ಕತ್ತರಿಸಿದರು. ಚಪ್ಪಾಳೆಯಾಯಿತು. ಅವಳು ಸಿಲಿಂಡರನ್ನು ಹೆಗಲಿಗೇರಿಸಿಕೊಂಡು ಬಾಗಿಲಿಗೆ ಬಂದಳು. ಹಲ್ಲು ಕಾಣುವಷ್ಟು ನಕ್ಕಳು. ಫೋಟೋದವನು ಇನ್ನೊಂದು ಎಂದ. ಇನ್ನೊಂದು ನಕ್ಕಳು.

“ಟೀಚರಮ್ಮ,” ಅವಳು ಕರೆದಳು, “ಈ ಸಲ ಎಷ್ಟು ದಿನ ಬರುತ್ತೆ, ಹೇಳ್ಲಾ?”

ಟೀಚರಮ್ಮ ತಲೆಯೆತ್ತಿದರು.

“ಇಪ್ಪತ್ತು ದಿನ. ಇದು ಇಪ್ಪತ್ತೆಂಟೂಕಾಲು. ಇರಬೇಕಾದ್ದು ಇಪ್ಪತ್ತೊಂಬತ್ತೂವರೆ. ಇನ್ನೂ ಗೋದಾಮಿನ ಬಾಗಿಲು ದಾಟಿಲ್ಲ, ಸೀಲು ಒಡೆದಿಲ್ಲ, ಬಂಡಿ ಹತ್ತಿಲ್ಲ. ನೋಡ್ಕೊಳ್ಳಿ.”

ಎರಡು ಹೆಜ್ಜೆ ಪಕ್ಕಕ್ಕೆ ಸರಿದು, ಮೊಣಕಾಲು ಸ್ವಲ್ಪ ಮಡಿಸಿ, ಹೆಗಲನ್ನು ಕೊಕ್ಕೆಯ ಕೆಳಗೆ ತಂದು ಸಿಲಿಂಡರಿನ ಹಿಡಿಯನ್ನು ಅದಕ್ಕೆ ಸಿಕ್ಕಿಸಿ, ಹೆಗಲು ಜಾರಿಸಿಕೊಂಡಳು. ತೊಲೆ ಒಮ್ಮೆ ಕಿರುಗುಟ್ಟಿತು. ಮುಳ್ಳು ಮೂವತ್ತರ ಆಚೆ ಹೋಗಿ ಹಿಂದೆ ಬಂದು ಸ್ವಲ್ಪ ನಡುಗಿ ನಿಂತಿತು.

ಯಾರೂ ಓದದಿದ್ದಾಗ ಗಿಣಿ ಮುಂದೆ ಬಂದ. “ಇಪ್ಪತ್ತೆಂಟೂಕಾಲು,” ಎಂದ. ದನಿ ಸಣ್ಣದಾಗಿ, ಸ್ವಲ್ಪ ಒರಟಾಗಿತ್ತು. ಮಾಲೀಕನದಲ್ಲ, ಅಧಿಕಾರಿಯದಲ್ಲ, ನ್ಯಾಯಾಧೀಶರದಲ್ಲ. ಅದು ಯಾರ ದನಿ ಎಂದು ಹತ್ತು ಜನ ಹೊರೆಯವರು ಒಂದು ಗಳಿಗೆ ಅವನನ್ನೇ ನೋಡಿದರು.

“ಕೊಕ್ಕೆ ಸರಿಯಿಲ್ಲ,” ಎಂದ ಅಧಿಕಾರಿ ಮೂಗಿನಲ್ಲಿ.

“ಸರಿಯಿದೆ ಅಂತ ಬೆನ್ನ ಮೇಲೆ ನಿಮ್ಮದೇ ಸಹಿ ಇದೆ ಸಾರ್,” ಎಂದಳು ಭಾರಕ್ಕ. “ಇನ್ನೂ ಗೋಂದು ಒಣಗಿಲ್ಲ.”

ಟೀಚರಮ್ಮ ಎದ್ದು ಕೊಕ್ಕೆಯ ಹತ್ತಿರ ಬಂದು ಕನ್ನಡಕ ಸರಿಮಾಡಿಕೊಂಡು ಮುಳ್ಳನ್ನು ನೋಡಿದರು. ಆಮೇಲೆ ಸಿಲಿಂಡರಿನ ಕತ್ತಿನ ಮೇಲೆ ಕೊರೆದ ಅಂಕಿ ನೋಡಿದರು. ಆಮೇಲೆ ಭಾರಕ್ಕನ ಮುಖವನ್ನು. ರಸೀದಿಯನ್ನು ಸಹಿ ಹಾಕದೆಯೇ ನಾಲ್ಕಾಗಿ ಮಡಿಸಿದರು.

“ಇಳಿಸ್ರೋ ಅದನ್ನ,” ಮಾಲೀಕ ಹೊರೆಯವರ ಕಡೆ ತಿರುಗಿ ಹಲ್ಲು ಕಚ್ಚಿದ. “ಇಳಿಸ್ರೋ ನಾಯಿಗಳಾ. ಕಿವಿ ಕೇಳಲ್ವಾ?”

ಹತ್ತು ಜನ ನಿಂತಿದ್ದರು, ಕೈಗಳನ್ನು ಹಿಂದೆ ಕಟ್ಟಿಕೊಂಡು. ಅಜ್ಜ ಕಾಣದ ಕಣ್ಣಿನಿಂದ ಮುಳ್ಳಿನ ಕಡೆಗೇ ನೋಡುತ್ತಿದ್ದ.

ಕೊಕ್ಕೆಯನ್ನು ಬಿಚ್ಚಬೇಕಾದರೆ ಸಿಲಿಂಡರು ಇಳಿಯಬೇಕಿತ್ತು. ಸಿಲಿಂಡರು ಇಳಿಯಬೇಕಾದರೆ ಯಾರಾದರೂ ಅದನ್ನು ಮೊದಲು ಮೇಲೆ ಎತ್ತಬೇಕಿತ್ತು. ಅಧಿಕಾರಿ ತನ್ನ ಅಂಗಿಯನ್ನು ನೋಡಿಕೊಂಡ. ಮಾಲೀಕನ ಕಣ್ಣು ಡ್ರೈವರಿನ ಮೇಲೆ ಬಿತ್ತು.

“ನೀನಾದ್ರೂ ಇಳಿಸೋ. ಹೊರೆಯವನ ಮಗ ತಾನೇ ನೀನು.”

ಹೊಸ ವಿತರಕ ಕತ್ತರಿಯನ್ನು ಕುರ್ಚಿಯ ಮೇಲಿಟ್ಟು ಬಂದ. ಸಿಲಿಂಡರನ್ನು ಎರಡೂ ತೋಳಿನಿಂದ ತಬ್ಬಿದ. ಮುಖ ಕೆಂಪೇರಿತು, ಕತ್ತಿನ ನರ ಎದ್ದಿತು. ಮುಳ್ಳು ಇಪ್ಪತ್ತೈದಕ್ಕೆ ಇಳಿಯಿತು. ಇಪ್ಪತ್ತಕ್ಕೆ ಇಳಿಯಿತು. ಹದಿನೇಳರಲ್ಲಿ ತಡೆದು ನಿಂತಿತು.

ಫೋಟೋದವನು ಯಾರೂ ಹೇಳದೆಯೇ ಒಂದು ತೆಗೆದ.

ಡ್ರೈವರಿನ ತೋಳು ಸಡಿಲವಾಯಿತು. ಮುಳ್ಳು ಸರಕ್ಕನೆ ಮೇಲೆ ಹೋಗಿ, ನಡುಗಿ, ಮತ್ತೆ ಇಪ್ಪತ್ತೆಂಟೂಕಾಲಕ್ಕೆ ಬಂದು ನಿಂತಿತು.